ಕಲಾವಿದರ ಪಾಲಿಗೆ ಬಂದ ಬೆಳಕು

ನ್ಯೂಯಾರ್ಕಿನ ಪೂರ್ವ ಹಾರ್ಲೆಮ್‌ನ 99ನೇ ಬೀದಿಯಲ್ಲಿ ಪಿ.ಎಸ್. 109 ಎಂಬ ಹಳೆಯ ಸರ್ಕಾರಿ ಶಾಲೆಯ ಕಟ್ಟಡವಿದೆ. ಈಗ ಅಲ್ಲಿ ಪಾಠವಿಲ್ಲ, ಸಂಸಾರಗಳಿವೆ. ತರಗತಿಗಳೆಲ್ಲ ಕಲಾವಿದರ ಮನೆಗಳಾಗಿವೆ. ಆ ಕಟ್ಟಡದ ಕಿಟಕಿಗಳ ಬಗ್ಗೆ ಯೋಚಿಸಿದಷ್ಟೂ ನನಗೆ ಬೆರಗು ಹೆಚ್ಚುತ್ತದೆ.

19ನೇ ಶತಮಾನದ ಕೊನೆಯಲ್ಲಿ ಅದರ ನಕ್ಷೆ ಬರೆದವರು ಸಿ.ಬಿ.ಜೆ. ಸ್ನೈಡರ್. 1891ರಿಂದ ಮೂರು ದಶಕ ಕಾಲ ನಗರದ ಶಾಲಾ ಕಟ್ಟಡಗಳ ಹೊಣೆ ಹೊತ್ತವರು. ಜಾಗ ದುಬಾರಿ, ಮಕ್ಕಳು ಲೆಕ್ಕವಿಲ್ಲದಷ್ಟು, ಸುತ್ತಲೂ ಒತ್ತೊತ್ತಾಗಿ ಕಟ್ಟಡಗಳು. ಇಂಥಲ್ಲಿ ಅವರು ಇಂಗ್ಲಿಷಿನ ಎಚ್ ಅಕ್ಷರದ ಆಕಾರದಲ್ಲಿ ಶಾಲೆ ಕಟ್ಟುವ ಉಪಾಯ ಕಂಡುಕೊಂಡರು. ಎರಡು ಕಡೆ ಅಂಗಳ ಬಿಟ್ಟರೆ ನಡುವಿನ ಕೋಣೆಗೂ ಗಾಳಿ ಬೆಳಕು ಬರುತ್ತದೆ. ಭಾರ ಹೊರಲು ಉಕ್ಕಿನ ಚೌಕಟ್ಟಿದ್ದುದರಿಂದ ಗೋಡೆಯ ಬಹುಪಾಲನ್ನು ಕಿಟಕಿಗೇ ಬಿಟ್ಟುಕೊಡಬಹುದಾಯಿತು.

ಆ ಕಾಲದ ಬಡವರ ಮಕ್ಕಳು ಬರುತ್ತಿದ್ದದ್ದು ಒಳಕೋಣೆಗಳಿಗೆ ಕಿಟಕಿಯೇ ಇಲ್ಲದ ವಠಾರಗಳಿಂದ. ಬರೆಯುವಾಗ ಬಲಗೈಯ ನೆರಳು ಅಕ್ಷರದ ಮೇಲೆ ಬೀಳಬಾರದು, ಬೆಳಕು ಎಡಗಡೆಯಿಂದಲೇ ಬರಬೇಕು ಎಂದು ಶಾಲೆ ಕಟ್ಟುವವರು ತಲೆಕೆಡಿಸಿಕೊಳ್ಳುತ್ತಿದ್ದ ಕಾಲವದು. ಯಾರದೋ ಮಗುವಿನ ಪುಟ್ಟ ಕೈ, ಅದರ ನೆರಳು! ಅಷ್ಟು ಸಣ್ಣದನ್ನು ಅಷ್ಟು ದೊಡ್ಡ ನಗರ ಗಮನಿಸಿತ್ತಲ್ಲ.

1990ರ ದಶಕದಲ್ಲಿ ಶಾಲೆ ಮುಚ್ಚಿತು. ಕೆಡವಲು ಕೈಹಾಕಿದಾಗ ನೆರೆಹೊರೆಯವರು ಪಟ್ಟು ಹಿಡಿದು ತಡೆದರು. ಹಾಳುಮನೆಯಂತೆ ವರ್ಷಗಟ್ಟಲೆ ನಿಂತಿದ್ದ ಅದನ್ನು ಆರ್ಟ್‌ಸ್ಪೇಸ್ ಸಂಸ್ಥೆ ಸ್ಥಳೀಯರ ಜೊತೆ ಸೇರಿ ಕಡಿಮೆ ಬಾಡಿಗೆಯ 89 ಮನೆಗಳಾಗಿ ಮಾರ್ಪಡಿಸಿತು. ಅರ್ಧದಷ್ಟು ಆ ಬಡಾವಣೆಯವರಿಗೇ ಮೀಸಲು. ಬಂದ ಅರ್ಜಿಗಳು 53,000ಕ್ಕೂ ಹೆಚ್ಚು. ಬಾಡಿಗೆಯ ಸೆಳೆತವೇ ದೊಡ್ಡದಿರಬಹುದು, ಒಪ್ಪುತ್ತೇನೆ. ಆದರೆ ಚಿತ್ರ ಬರೆಯುವವರನ್ನು ಕೇಳಿ, ಎತ್ತರದ ಕಿಟಕಿಯಿರುವ ಕೋಣೆಗಾಗಿ ಅವರು ಏನೆಲ್ಲ ಬಿಟ್ಟುಕೊಡುತ್ತಾರೆ ಎಂದು.

ಸ್ನೈಡರ್ ಸಂಸಾರಗಳಿಗೆಂದು ಒಂದು ಗೀಟೂ ಎಳೆದಿರಲಿಲ್ಲ. ಅಂದಿನ ಮಕ್ಕಳು ಗಂಟೆ ಹೊಡೆದ ಮೇಲೆ ಈ ಬೆಳಕನ್ನು ಬಿಟ್ಟು ಕತ್ತಲ ಕೋಣೆಗಳಿಗೆ ಹಿಂದಿರುಗಬೇಕಿತ್ತು. ಇಂದು ಅಲ್ಲಿರುವವರು ಅದೇ ಬೆಳಕಿನಲ್ಲಿ ಬಣ್ಣ ಕಲಸುತ್ತಾರೆ, ತರಕಾರಿ ಹೆಚ್ಚುತ್ತಾರೆ, ಮಕ್ಕಳಿಗೆ ತಲೆ ಬಾಚುತ್ತಾರೆ. ಸಂಜೆಯಾದರೂ ಯಾರೂ ಅವರನ್ನು ಹೊರಡಿ ಎನ್ನುವುದಿಲ್ಲ.