ರೋಗಿಯ ಬಾಗಿಲಲ್ಲಿ ನಿಂತವರು



ತಮ್ಮ ಸೇವೆ ಮಾಡುತ್ತಿದ್ದ ಯಹೂದಿ ಬಾಲಕ ಕಾಯಿಲೆ ಬಿದ್ದಾಗ ಪ್ರವಾದಿವರ್ಯರು(ಸ) ಅವನನ್ನು ನೋಡಲು ಹೋಗಿ ತಲೆಯ ಬಳಿ ಕುಳಿತರು. ರೋಗಿಯ ಬಾಗಿಲಲ್ಲಿ ಜಾತಿ ಮತ ಕೇಳಬಾರದೆಂಬುದು ಇದರ ಪಾಠ. ಆದರೆ ಆ ರೋಗಿ ನಿನ್ನೆಯವರೆಗೆ ನಮ್ಮನ್ನು ಹೀನಾಯವಾಗಿ ಕಂಡವನಾಗಿದ್ದರೆ? ಸೇವೆ ಪಡೆದ ಊರೇ ನಾಳೆ ನಮ್ಮನ್ನು ದೂಷಿಸಿದರೆ? ಕ್ರೈಸ್ತರಾಗಿದ್ದ ಒಂದು ಸಮುದಾಯ ಈ ಪರೀಕ್ಷೆಯನ್ನು ಎದುರಿಸಿದ ಬಗೆಯನ್ನು ನಾವು ಅರಿಯಬೇಕು.

1793ರಲ್ಲಿ ಅಂದಿನ ಅಮೆರಿಕದ ರಾಜಧಾನಿ ಫಿಲಡೆಲ್ಫಿಯಾದಲ್ಲಿ ಹಳದಿ ಜ್ವರ ಹಬ್ಬಿ ಸುಮಾರು 5,000 ಜನ ಸತ್ತರು. ಅನುಕೂಲಸ್ಥರು ಊರು ಬಿಟ್ಟರು. ರಕ್ತಸಂಬಂಧಿಗಳೇ ರೋಗಿಗಳನ್ನು ತೊರೆದರು. ಕರಿಯರಿಗೆ ಈ ಜ್ವರ ತಗಲದೆಂದು ನಂಬಿದ್ದ ವೈದ್ಯ ಬೆಂಜಮಿನ್ ರಶ್ ಅವರ ನೆರವು ಕೋರಿದರು.

ಸ್ವತಂತ್ರ ಕರಿಯರು 1787ರಲ್ಲಿ ಕಟ್ಟಿಕೊಂಡಿದ್ದ ‘ಫ್ರೀ ಆಫ್ರಿಕನ್ ಸೊಸೈಟಿ’ಯ ಮುಖಂಡರಾದ ಅಬ್ಸಲೋಮ್ ಜೋನ್ಸ್ ಮತ್ತು ರಿಚರ್ಡ್ ಅಲೆನ್ ಮುಂದೆ ಬಂದರು. ಇಬ್ಬರೂ ಗುಲಾಮರಾಗಿ ಹುಟ್ಟಿದವರು. ಇದೇ ಊರಿನ ಚರ್ಚಿನಲ್ಲಿ ಪ್ರಾರ್ಥನೆಗೆ ಮೊಣಕಾಲೂರಿದ್ದ ಜೋನ್ಸ್‌ರನ್ನು ಬಿಳಿಯರು ಎಳೆದೆಬ್ಬಿಸಿದ್ದರು. ಆದರೂ ಅವರ ಜನ ಬಿಳಿಯರ ಮನೆಗಳಿಗೆ ಹೋಗಿ ರೋಗಿಗಳ ಆರೈಕೆ ಮಾಡಿದರು. ಯಾರೂ ಮುಟ್ಟದ ಶವಗಳನ್ನು ಹೊತ್ತು ಹೂಳಿದರು. ವೈದ್ಯನ ನಂಬಿಕೆ ಸುಳ್ಳಾಯಿತು. ಇನ್ನೂರಕ್ಕೂ ಹೆಚ್ಚು ಕರಿಯರು ಅದೇ ಜ್ವರಕ್ಕೆ ಬಲಿಯಾದರು. ಅದನ್ನು ಹರಡುವ ಸೊಳ್ಳೆ ಬಣ್ಣ ನೋಡಿ ಕಚ್ಚುವುದಿಲ್ಲ.

ಜ್ವರ ಇಳಿಯುತ್ತಲೇ ಮ್ಯಾಥ್ಯೂ ಕ್ಯಾರಿ ಎಂಬ ಪ್ರಕಾಶಕ ಪುಸ್ತಕ ಬರೆದ. ಮುಖಂಡರಿಬ್ಬರನ್ನು ಹೊಗಳಿದರೂ, ಕರಿಯ ದಾದಿಯರು ಹಣ ಸುಲಿದರು, ಕದ್ದರು ಎಂದು ದೂರಿದ. ಪುಸ್ತಕ ಬೇಗನೆ ಮನೆಮನೆ ತಲುಪಿತು.

ಜೋನ್ಸ್ ಮತ್ತು ಅಲೆನ್ ಬೈಗುಳಕ್ಕೆ ಬೈಗುಳ ಹೇಳಲಿಲ್ಲ. 1794ರ ಜನವರಿಯಲ್ಲಿ ತಾವೇ ಒಂದು ಪುಸ್ತಿಕೆ ಅಚ್ಚು ಹಾಕಿಸಿ ಲೆಕ್ಕ ಮುಂದಿಟ್ಟರು. ಬಂದ ಹಣಕ್ಕಿಂತ ಖರ್ಚೇ ಹೆಚ್ಚಾಗಿತ್ತು. ಜನರು ಪೈಪೋಟಿಯಿಂದ ಹೆಚ್ಚು ಕೊಡಲು ಮುಂದಾದದ್ದರಿಂದಲೇ ಕೂಲಿ ಏರಿತ್ತು ಎಂದೂ ತಿಳಿಸಿದರು.

ಸಹೋದರ ಸಹೋದರಿಯರೇ, ಪರಿಶೀಲಿಸದ ಸುದ್ದಿಯನ್ನು ನಂಬಿ ಒಂದು ಜನಕ್ಕೆ ಹಾನಿ ಮಾಡಬಾರದೆಂದು ಪವಿತ್ರ ಕುರ್‌ಆನಿನ ಅಲ್-ಹುಜುರಾತ್ ಅಧ್ಯಾಯ ನಮ್ಮನ್ನು ಎಚ್ಚರಿಸಿದೆ. ಕೆಲವರ ಮೇಲಿನ ದೂರು ಇಡೀ ಸಮುದಾಯಕ್ಕೆ ಅಂಟಿದಾಗ ಆಗುವ ನೋವು ನಮಗೆ ಗೊತ್ತು. ಹಾಗಿರುವಾಗ ನೆರೆಯವರ ಬಗ್ಗೆ, ಇನ್ನೊಂದು ಜಮಾಅತಿನ ಬಗ್ಗೆ ಕೇಳಿದ್ದನ್ನೆಲ್ಲ ನಾವೇ ಹರಡುವುದು ಯಾವ ನ್ಯಾಯ? ದೂಷಣೆಗೆ ಹೆದರಿ ಸೇವೆ ನಿಲ್ಲಿಸದಿರೋಣ. ಸಾರ್ವಜನಿಕರ ಹಣ ಮುಟ್ಟಿದರೆ ಪೈಸೆ ಪೈಸೆಗೂ ಲೆಕ್ಕ ಇಡೋಣ. ಜನರ ಕೃತಜ್ಞತೆ ಸಿಗಬಹುದು, ಸಿಗದಿರಬಹುದು. ಅಲ್ಲಾಹನ ಬಳಿ ಸಾಸಿವೆ ಕಾಳಿನಷ್ಟು ಕರ್ಮವೂ ವ್ಯರ್ಥವಾಗದು.