ಮೇಲಕ್ಕೇರದಿದ್ದರೆ ಸೋತಂತೆಯೇ?

ಭಾನುವಾರ ಬೆಳಿಗ್ಗೆ ಮಳೆಯಲ್ಲಿ ಕೊಡೆ ಹಿಡಿದು, ಮಕ್ಕಳ ಫುಟ್‌ಬಾಲ್ ನೋಡುತ್ತ ಮೈದಾನದ ಬದಿಯಲ್ಲಿ ನಿಲ್ಲುವ ತಂದೆತಾಯಿಯರು ನಮ್ಮ ಸಂಘದಲ್ಲಿ ಬಹಳ ಮಂದಿ ಇದ್ದೇವೆ. ಫ್ಲಾಸ್ಕಿನಲ್ಲಿ ತಂದ ಕಾಫಿ ಕುಡಿಯುತ್ತ ಆಡುವ ಮಾತೂ ನಮ್ಮೆಲ್ಲರದು ಒಂದೇ: "ಆಡಲಿ, ಬೇಡ ಅನ್ನೋಲ್ಲ. ಆದರೆ ಇದರಲ್ಲಿ ಮೇಲಕ್ಕೆ ಬರೋರು ಲಕ್ಷಕ್ಕೊಬ್ಬರು. ಉಳಿದವರ ಗತಿ ಏನು?" ಪ್ರಶ್ನೆಯೇನೋ ಸರಿಯಾದದ್ದೇ. ಆದರೆ ಉಳಿದವರ ಬಾಳು ವ್ಯರ್ಥವೆಂಬ ಉತ್ತರವನ್ನು ಮೊದಲೇ ಮನಸ್ಸಿನಲ್ಲಿಟ್ಟುಕೊಂಡು ಅದನ್ನು ಕೇಳುತ್ತೇವೆ. ಆ ‘ಉಳಿದವರಲ್ಲಿ’ ಒಬ್ಬರ ಬದುಕನ್ನು ಎದುರಿಗಿಟ್ಟುಕೊಂಡು, ಈ ಉತ್ತರ ಎಷ್ಟರಮಟ್ಟಿಗೆ ನ್ಯಾಯ ಎಂದು ಯೋಚಿಸೋಣ.

ಗ್ಯಾರಿ ನೆಲ್ಸನ್ ಎಂಬ ಹೆಸರನ್ನು ನಮ್ಮಲ್ಲಿ ಅನೇಕರು ಕೇಳಿರಲಾರರು. 1961ರಲ್ಲಿ ಎಸೆಕ್ಸಿನ ಬ್ರೇನ್‌ಟ್ರೀಯಲ್ಲಿ ಹುಟ್ಟಿದವರು. ಎಡಗಾಲಿನ ಆಟಗಾರ, ಎಡಬದಿಯ ವಿಂಗರ್, ಬೇಕಾದಾಗ ಮುಂಪಂಕ್ತಿಯ ನಡುವೆಯೂ ಆಡಿದವರು. 1979ರಿಂದ 1997ರವರೆಗೆ ಸೌತೆಂಡ್, ಸ್ವಿಂಡನ್, ಪ್ಲಿಮತ್, ಬ್ರೈಟನ್, ಚಾರ್ಲ್ಟನ್, ಟಾರ್‌ಕೀ ಎಂದು ಊರಿಂದೂರಿಗೆ ಹೋಗಿ 600ಕ್ಕೂ ಹೆಚ್ಚು ಲೀಗ್ ಪಂದ್ಯಗಳನ್ನು ಆಡಿದರು. ಅವುಗಳಲ್ಲಿ ಒಂದೂ ಅತ್ಯುನ್ನತ ದರ್ಜೆಯದಲ್ಲ. ಇಂಗ್ಲೆಂಡಿನ ಲೀಗ್ ಏಣಿಯಲ್ಲಿ 92 ಕ್ಲಬ್‌ಗಳಿವೆ. ಇಂದು ಪ್ರೀಮಿಯರ್ ಲೀಗಿನಲ್ಲಿ 20, ಅದರ ಕೆಳಗಿನ ಮೂರು ಹಂತಗಳಲ್ಲಿ 72. ನೆಲ್ಸನ್ ಅವರ ಇಡೀ ವೃತ್ತಿಜೀವನ ಈ ಕೆಳಗಿನ ಮೆಟ್ಟಿಲುಗಳಲ್ಲೇ ಕಳೆಯಿತು.

ವಿಂಗರನ ಕೆಲಸವೇ ಒಂದು ವಿಚಿತ್ರ. ಬಿಳಿ ಗೆರೆಯ ಪಕ್ಕದಲ್ಲಿ ಅವನ ಜಾಗ. ಚೆಂಡು ತನ್ನ ಕಡೆ ಬರುವವರೆಗೆ ಕಾಯಬೇಕು. ಬಂದಾಗ ಎದುರಾಳಿಯನ್ನು ದಾಟಿ ಓಡಿ, ನಡುವೆ ನಿಂತವನ ಕಾಲಿಗೋ ತಲೆಗೋ ಚೆಂಡು ಒಪ್ಪಿಸಬೇಕು. ಗೋಲಾದರೆ ಮರುದಿನದ ಪತ್ರಿಕೆಯಲ್ಲಿ ಹೊಡೆದವನ ಹೆಸರು ಮೊದಲು. ಆಗದಿದ್ದರೆ ಹಿಂದಕ್ಕೆ ಓಡಿ ಬಂದು ಮತ್ತೆ ಕಾಯಬೇಕು.

ಇಂಥ ಬದುಕನ್ನು ನಾವು ಸುಲಭವಾಗಿ ಕೀಳೆಂದು ಎಣಿಸುವುದಕ್ಕೆ ಹಣವೂ ಒಂದು ಕಾರಣವಿರಬೇಕು. 1961ರವರೆಗೆ ಈ ನಾಡಿನಲ್ಲಿ ಫುಟ್‌ಬಾಲ್ ಆಟಗಾರರ ವಾರದ ಸಂಬಳಕ್ಕೆ ಮಿತಿ ಇತ್ತು. ಕೊನೆಗೆ ಅದು 20 ಪೌಂಡ್. ಪ್ರೆಸ್ಟನ್ನಿನ ಟಾಮ್ ಫಿನ್ನಿ ಇಂಗ್ಲೆಂಡಿಗೆ ಆಡಿದ ಮಹಾ ವಿಂಗರ್. ಆದರೂ ನಲ್ಲಿ ರಿಪೇರಿ ಮಾಡುವ ಪ್ಲಂಬರ್ ಕಸುಬನ್ನು ಬಿಟ್ಟವರಲ್ಲ. ಆಗ ಮೇಲಿನವರಿಗೂ ಕೆಳಗಿನವರಿಗೂ ಸಂಬಳದಲ್ಲಿ ಆಕಾಶ ಪಾತಾಳದ ಅಂತರ ಇರಲಿಲ್ಲ. 1992ರಲ್ಲಿ ಪ್ರೀಮಿಯರ್ ಲೀಗ್ ಹುಟ್ಟಿ, ಟೆಲಿವಿಷನ್ನಿನ ಹಣ ಹರಿದ ಮೇಲೆ ಅಂತರ ಬೆಳೆಯಿತು. ಅದರ ಜೊತೆಯಲ್ಲೇ ನಮ್ಮ ತಾತ್ಸಾರವೂ ಬೆಳೆಯಿತು.

ಹಾಗಾದರೆ ಆ ಆಟ ಯಾರಿಗೆ ಬೇಕಾಗಿತ್ತು? ಚಾರ್ಲ್ಟನ್ ಕ್ಲಬ್ 1985ರಲ್ಲಿ ತನ್ನ ‘ವ್ಯಾಲಿ’ ಮೈದಾನ ಬಿಟ್ಟು ಪರರ ಮೈದಾನಗಳಲ್ಲಿ ಆಡಬೇಕಾಯಿತು. ಅಭಿಮಾನಿಗಳು ಸುಮ್ಮನಿರಲಿಲ್ಲ. 1990ರ ಸ್ಥಳೀಯ ಚುನಾವಣೆಯಲ್ಲಿ ‘ವ್ಯಾಲಿ ಪಾರ್ಟಿ’ ಎಂದು ಪಕ್ಷವನ್ನೇ ಕಟ್ಟಿ ಸುಮಾರು 15 ಸಾವಿರ ಮತ ಗಳಿಸಿದರು. 1992ರ ಡಿಸೆಂಬರ್ 5ರಂದು ತಂಡ ಮನೆಗೆ ಮರಳಿತು. ಆಗ ಅದು ಇದ್ದದ್ದು ಎರಡನೆಯ ಹಂತದಲ್ಲಿ. ನೆಲ್ಸನ್ ಆ ತಂಡದವರು. ಏಳು ವರ್ಷ ಕಾದ ಜನರಿಗೆ "ಇದು ಎರಡನೆಯ ದರ್ಜೆ, ಇಷ್ಟೊಂದು ಸಂಭ್ರಮವೇಕೆ?" ಎಂದು ಹೇಳುವ ಧೈರ್ಯ ಯಾರಿಗಿದೆ?

ಇಲ್ಲಿ ನಮ್ಮವರು ಒಂದು ಮಾತು ಹೇಳಬಹುದು: "ಫಲಾಪೇಕ್ಷೆ ಇಲ್ಲದ ಕರ್ಮ ಅಂದರೆ ಇದೇ." ನಾವು ಅಷ್ಟು ದೂರ ಹೋಗಲಾರೆವು. ನೆಲ್ಸನ್ 1994-95ರ ಋತುವಿನ ದಿನಚರಿಯನ್ನು ‘ಲೆಫ್ಟ್ ಫುಟ್ ಫಾರ್ವರ್ಡ್’ ಎಂಬ ಪುಸ್ತಕವಾಗಿ 1995ರಲ್ಲಿ ಪ್ರಕಟಿಸಿದರು. ಆಗ ವಯಸ್ಸು 34. ಗಾಯ, ಬೆಂಚು, ಮುಂದಿನ ವರ್ಷದ ಒಪ್ಪಂದ ಸಿಗುವುದೋ ಇಲ್ಲವೋ ಎಂಬ ಚಿಂತೆ ಎಲ್ಲವೂ ಅದರಲ್ಲಿವೆ. ಅದು ವಿರಾಗಿಯ ಮಾತಲ್ಲ, ಸಂಸಾರಸ್ಥನ ಮಾತು. ಆಸೆ ಇಟ್ಟುಕೊಂಡು, ಆಸೆ ಪೂರ್ತಿ ಕೈಗೂಡದೆ ಇದ್ದಾಗಲೂ ಶನಿವಾರ ಮೂರು ಗಂಟೆಗೆ ಬೂಟಿನ ದಾರ ಕಟ್ಟಿ ಮೈದಾನಕ್ಕೆ ಇಳಿಯುವುದು ಬೇರೆಯೇ ಒಂದು ಗುಣ. ಆಸೆಯೇ ಇಲ್ಲದವನಿಗಿಂತ ಇವನಿಗೆ ಅದು ಹೆಚ್ಚು ಕಷ್ಟ.

ಕೊನೆಯ ಮೆಟ್ಟಿಲನ್ನೂ ನೋಡೋಣ. 1995-96ರಲ್ಲಿ ಟಾರ್‌ಕೀ 92ರಲ್ಲಿ 92ನೆಯದಾಗಿ ನಿಂತಿತು. ಕೆಳಗಿನ ಲೀಗಿನಲ್ಲಿ ಗೆದ್ದ ಸ್ಟೀವನೇಜಿನ ಮೈದಾನ ನಿಯಮಕ್ಕೆ ತಕ್ಕಂತಿಲ್ಲವೆಂಬ ಕಾರಣಕ್ಕೆ ಮಾತ್ರ ಉಳಿಯಿತು. 1996ರಲ್ಲಿ ನೆಲ್ಸನ್ ಅಲ್ಲಿಗೆ ಆಟಗಾರ ಮತ್ತು ಕೋಚ್ ಎರಡೂ ಆಗಿ ಹೋದರು. ಆ ವರ್ಷ ತಂಡಕ್ಕೆ 24ರಲ್ಲಿ 21ನೆಯ ಸ್ಥಾನ. ಕಪ್ಪಿಲ್ಲ, ಪದಕವಿಲ್ಲ. ಆದರೆ ಊರಿಗೆ ಲೀಗ್ ತಂಡವೊಂದು ಉಳಿಯಿತು.

ಇದೆಲ್ಲ ಸೋತವರಿಗೆ ಹೇಳುವ ಸಮಾಧಾನವೇ ಎಂದು ಕೇಳಬಹುದು. ನಮ್ಮನ್ನೇ ನೋಡಿಕೊಳ್ಳೋಣ. ಈ ನಾಡಿನ ಆಸ್ಪತ್ರೆಗಳಲ್ಲಿ ಮೂವತ್ತು ವರ್ಷ ರಾತ್ರಿಪಾಳಿ ಮಾಡಿಯೂ ಕನ್ಸಲ್ಟೆಂಟ್ ಆಗದೆ ನಿವೃತ್ತರಾದ ವೈದ್ಯರು ನಮ್ಮ ನಡುವೆ ಇದ್ದಾರೆ. ಹೆಚ್ಚು ಮಂದಿ ಬಯಸದ ವೃದ್ಧರ ವಾರ್ಡುಗಳನ್ನು ನೋಡಿಕೊಂಡವರು ಅವರೇ. ಯುಗಾದಿ ಕಾರ್ಯಕ್ರಮದಲ್ಲಿ ಹಿಂದಿನ ಸಾಲಿನಲ್ಲಿ ಕುಳಿತು, "ನಾವೇನು ದೊಡ್ಡದಾಗಿ ಸಾಧಿಸಲಿಲ್ಲ ಬಿಡಿ" ಎನ್ನುತ್ತಾರೆ. ಅವರಿಗೆ ಬಡ್ತಿ ಸಿಗದಿದ್ದುದು ಎಷ್ಟೋ ಸಲ ಅನ್ಯಾಯವೇ. ಅದನ್ನು ಅನ್ಯಾಯವೆಂದೇ ಕರೆಯಬೇಕು. ಆದರೆ ಅವರು ಮಾಡಿದ ಕೆಲಸದ ಬೆಲೆ ಆ ಅನ್ಯಾಯದಿಂದ ಒಂದು ಗುಂಜಿಯೂ ಕಡಿಮೆಯಾಗದು. ಶರಣರು ಹೇಳಿದ ಕಾಯಕದಲ್ಲಿ ದರ್ಜೆಯ ಮಾತಿಲ್ಲ ಎಂದು ಬಸವ ಜಯಂತಿಯಂದು ಭಾಷಣ ಮಾಡುವ ನಾವು, ಮನೆಯಲ್ಲಿ ಮಕ್ಕಳ ಅಂಕಪಟ್ಟಿ ಹಿಡಿದಾಗ ಅದನ್ನು ಮರೆಯುತ್ತೇವೆ.

ಮಕ್ಕಳಿಗೆ ನಾವು ಎರಡು ಸುಳ್ಳು ಹೇಳಬಹುದು. "ಪ್ರಯತ್ನಪಟ್ಟರೆ ಮೇಲಕ್ಕೆ ಹೋಗೇ ಹೋಗ್ತೀಯ" ಎಂಬುದು ಒಂದು. "ಮೇಲಕ್ಕೆ ಹೋಗದಿದ್ದರೆ ಎಲ್ಲ ದಂಡ" ಎಂಬುದು ಇನ್ನೊಂದು. ಮೊದಲನೆಯದನ್ನು ಬದುಕೇ ಬೇಗ ತಿದ್ದುತ್ತದೆ. ಎರಡನೆಯದನ್ನು ತಿದ್ದುವವರು ಯಾರೂ ಇಲ್ಲ. ಅದು ಅವರ ಜೊತೆಗೇ ಮುದುಕಾಗುತ್ತದೆ.

ಆದ್ದರಿಂದ ಬರುವ ಭಾನುವಾರ ಮಗುವಿನ ತಂಡ ಸೋತು ಮನೆಗೆ ಬರುವಾಗ, ಕಾರಿನಲ್ಲಿ ಸ್ಕೋರ್ ಕೇಳುವ ಮೊದಲು, ನೀನು ಇಂದು ಯಾರಿಗೆ ಚೆಂಡು ಕೊಟ್ಟೆ ಎಂದು ಕೇಳಿ ನೋಡೋಣ. ನಮಗೂ ಅದು ಒಳ್ಳೆಯ ಅಭ್ಯಾಸ.