ಶುಕ್ರವಾರದ ಏಡಿ ಕೇಕು



ತಪಸ್ಸುಕಾಲದ ಶುಕ್ರವಾರ ಮಾಂಸ ತಿನ್ನಬಾರದು, ಮೀನು ತಿನ್ನಬಹುದು. ಇದು ನಮ್ಮ ಮನೆಗಳ ಮಕ್ಕಳಿಗೂ ಗೊತ್ತು. ಏಡಿಯೂ ಮೀನಿನ ಲೆಕ್ಕಕ್ಕೇ ಸೇರುತ್ತದೆ. ಹಾಗಾದರೆ ಶುಕ್ರವಾರ ರಾತ್ರಿ ಗರಿಗರಿಯಾದ ಏಡಿ ಕೇಕು ಮಾಡಿ ಹೊಟ್ಟೆತುಂಬ ಉಂಡವರು ವ್ರತ ಪಾಲಿಸಿದಂತಾಯಿತೇ?

ಏಡಿ ಕೇಕಿಗೆ ಹೆಸರಾದದ್ದು ಅಮೆರಿಕದ ಮೇರಿಲ್ಯಾಂಡ್. 1634ರ ಮಾರ್ಚ್ 25ರಂದು ಯೇಸುಸಭೆಯ ಗುರು ಆಂಡ್ರ್ಯೂ ವೈಟ್ ಬಲಿಪೂಜೆ ಅರ್ಪಿಸಿದ ನಾಡು ಅದು. ಆ ದೇಶದ ಮೊದಲ ಕಥೋಲಿಕ ಧರ್ಮಪ್ರಾಂತ್ಯವಾದ ಬಾಲ್ಟಿಮೋರ್ ಅಲ್ಲೇ 1789ರಲ್ಲಿ ಸ್ಥಾಪನೆಯಾಯಿತು. ಅಲ್ಲಿನ ಚೆಸಾಪೀಕ್ ಕೊಲ್ಲಿಯ ನೀಲಿ ಏಡಿಯಿಂದ ಈ ತಿನಿಸು ಮಾಡುತ್ತಾರೆ. ಹೆಸರು ಕೇಕು, ರೂಪ ನಮ್ಮ ಕಟ್ಲೆಟ್ಟಿನದು. ಬೆಂದ ಏಡಿಯ ತಿರುಳು ಬಿಡಿಸಿ, ಚಿಪ್ಪಿನ ಚೂರು ಉಳಿಯದಂತೆ ಬೆರಳಿನಿಂದ ತಡವಿ ನೋಡಬೇಕು. ಮೊಟ್ಟೆ, ಮೇಯನೇಸ್, ಅರೆದ ಸಾಸಿವೆ, ಸ್ವಲ್ಪವೇ ಬಿಸ್ಕತ್ತಿನ ಪುಡಿ ಸೇರಿಸಿ, ತಿರುಳು ಮುದ್ದೆಯಾಗದಂತೆ ಕಲಸಿ ತಟ್ಟಬೇಕು. ಅರ್ಧ ಗಂಟೆ ಫ್ರಿಜ್ಜಿನಲ್ಲಿಟ್ಟರೆ ಒಡೆಯುವುದಿಲ್ಲ. ಎಣ್ಣೆ ಚೆನ್ನಾಗಿ ಕಾದಿರಬೇಕು, ಒಂದೇ ಸಲ ಮಗುಚಬೇಕು. ಎಣ್ಣೆ ಕಾಯದಿದ್ದರೆ ಗರಿಗರಿಯಾಗುವ ಬದಲು ಎಣ್ಣೆ ಹೀರುತ್ತದೆ. ಒಂದು ಏಡಿಯಲ್ಲಿ ಸಿಗುವ ತಿರುಳು ಬಹಳ ಕಡಿಮೆ. ಆದ್ದರಿಂದ ಇದು ದುಬಾರಿ ಊಟ, ಬಹಳ ಹೊತ್ತಿನ ಕೆಲಸ.

ಧರ್ಮಸಭೆಯ ನಿಯಮದಂತೆ ಇದರಲ್ಲಿ ತಪ್ಪಿಲ್ಲ. ಆದರೆ ಆ ನಿಯಮ ಬಂದದ್ದು ಏಕೆ? ಹದಿಮೂರನೇ ಶತಮಾನದ ಸಂತ ತೋಮಸ್ ಅಕ್ವಿನಾಸರು ಕೊಡುವ ಕಾರಣ ಸರಳವಾಗಿದೆ. ನಾಲಿಗೆಗೆ ಹೆಚ್ಚು ಸುಖ ಕೊಡುವುದನ್ನು ಉಪವಾಸದಲ್ಲಿ ಬಿಡಬೇಕು; ಸಾಮಾನ್ಯವಾಗಿ ಮೀನಿಗಿಂತ ಮಾಂಸವೇ ಹೆಚ್ಚು ರುಚಿ. ಎಲ್ಲ ಕಡೆ ಹಾಗಿರುವುದಿಲ್ಲ ಎಂದೂ ಅವರೇ ಒಪ್ಪುತ್ತಾರೆ. ಏಡಿ ಕೇಕು ಅಂಥ ಒಂದು ಕಡೆ. ಇಲ್ಲಿ ನಿಯಮ ಉಳಿಯುತ್ತದೆ, ಅದರ ಕಾರಣ ಮಾತ್ರ ಜಾರಿಹೋಗುತ್ತದೆ.

"ಹಾಗಾದರೆ ನಿಯಮವೇ ಬೇಡವೇ?" ಎಂದು ನೀವು ಕೇಳಬಹುದು. ಬೇಕು. ಪ್ರತಿಯೊಬ್ಬರ ನಾಲಿಗೆಯನ್ನು ಅಳೆದು ನಿಯಮ ಮಾಡಲಾಗದು. ಬಡವ ಬಲ್ಲಿದ ಎಲ್ಲರಿಗೂ ಒಂದೇ ಆದ, ಮಗುವಿಗೂ ಅರ್ಥವಾಗುವ ನಿಯಮದಿಂದ ಇಡೀ ಸಭೆ ಒಂದೇ ದಿನ ಒಟ್ಟಿಗೆ ನೆನೆಯುತ್ತದೆ. ಆದರೆ ನಿಯಮವೆಂಬುದು ಹೊಸ್ತಿಲು. ಹೊಸ್ತಿಲಲ್ಲೇ ಕುಳಿತವನು ಮನೆಯೊಳಗೆ ಬಂದಂತಾಗಲಿಲ್ಲ.

ಒಳಗೆ ಏನಿದೆ? ಜಗದ್ಗುರು ಆರನೇ ಪೌಲರು 1966ರಲ್ಲಿ ಪ್ರಾಯಶ್ಚಿತ್ತದ ನಿಯಮಗಳನ್ನು ಪರಿಷ್ಕರಿಸಿದಾಗ, ಅನುಕೂಲವಂತರು ಹೆಚ್ಚಿನ ಸಂಯಮಕ್ಕೆ ಸಾಕ್ಷಿಯಾಗಬೇಕೆಂದು ತಿಳಿಸಿದರು. ನಮ್ಮ ಕರಾವಳಿಯ ಮೀನುಗಾರನ ಮನೆಯಲ್ಲಿ, ಮಾರಾಟವಾಗದೆ ಉಳಿದ ಸಣ್ಣ ಏಡಿಗಳ ಸಾರು ಗಂಜಿಗೆ ಕೂಡಿದರೆ ಅದು ಬಡತನದ ಊಟ. ದೊಡ್ಡ ಏಡಿಗಳನ್ನು ಆರಿಸಿ ತಂದು, ನೆಂಟರನ್ನು ಕರೆದು ಬಡಿಸಿದರೆ ಅದು ಹಬ್ಬ. ಎರಡರಲ್ಲೂ ಏಡಿಯೇ ಇದೆ. ಆದ್ದರಿಂದ ಏಡಿಯ ಮೇಲೆ ತಪ್ಪು ಹೊರಿಸಬೇಡಿ. ನಿಮ್ಮ ತಟ್ಟೆಯನ್ನು ಕೇಳಿ.

ಇನ್ನೊಂದು ಮಾತು. ಮನೆಯವರೆಲ್ಲ ವ್ರತದಲ್ಲಿರುವ ದಿನ ತಾಯಿಯೊಬ್ಬಳು ಮೂರು ಗಂಟೆ ಚಿಪ್ಪು ಬಿಡಿಸುತ್ತಾ, ಕಾದ ಎಣ್ಣೆಯ ಮುಂದೆ ನಿಂತರೆ, ಉಳಿದವರು ಬಿಟ್ಟದ್ದೇನು? ತಮ್ಮ ವ್ರತದ ಭಾರವನ್ನು ಅವಳ ಹೆಗಲಿಗೆ ದಾಟಿಸಿದರು, ಅಷ್ಟೇ. ಶುಕ್ರವಾರದ ಅಡುಗೆಮನೆಗೂ ವಿಶ್ರಾಂತಿ ಬೇಕು.

ಪ್ರವಾದಿ ಯೆಶಾಯನ ಗ್ರಂಥದ 58ನೇ ಅಧ್ಯಾಯ ಉಪವಾಸವನ್ನು ಹಸಿದವನ ಊಟಕ್ಕೆ ಜೋಡಿಸುತ್ತದೆ. ಐದನೇ ಶತಮಾನದ ಜಗದ್ಗುರು ಮಹಾ ಲಿಯೋ ಕೂಡ ಉಪವಾಸ ಮತ್ತು ದಾನ ಜೊತೆಗೇ ಇರಬೇಕೆಂದು ಬೋಧಿಸಿದರು. ನಾವು ಬಿಟ್ಟದ್ದು ಇನ್ನೊಬ್ಬರಿಗೆ ತಲುಪದಿದ್ದರೆ ಅದು ನಮ್ಮ ಜೇಬಿನ ಉಳಿತಾಯವಷ್ಟೇ.

ಏಡಿ ಕೇಕು ಮಾಡಿ, ಖಂಡಿತ ಮಾಡಿ. ಪಾಸ್ಖ ಹಬ್ಬದ ಭಾನುವಾರ ಮಾಡಿ, ಚಿಪ್ಪು ಬಿಡಿಸಲು ಮಕ್ಕಳನ್ನೂ ಯಜಮಾನರನ್ನೂ ಕೂರಿಸಿಕೊಳ್ಳಿ. ಶುಕ್ರವಾರಕ್ಕೆ ಗಂಜಿ, ಚಟ್ನಿ ಸಾಕು. ಏಡಿಗೆಂದು ತೆಗೆದಿಟ್ಟ ಹಣವನ್ನು ಆ ರಾತ್ರಿಯೇ ಬೇರೆ ಲಕೋಟೆಗೆ ಹಾಕಿ, ನಿಮ್ಮ ಬೀದಿಯಲ್ಲಿ ಅಂದು ಒಲೆ ಹಚ್ಚದ ಮನೆ ಯಾವುದೆಂದು ವಿಚಾರಿಸಿ.